ಹೋಮ್ಸ್‌ನ ತುಟಿ ನಡುಗಿದ್ದು

ಕಳೆದ ಮಳೆಗಾಲದ ಒಂದು ಭಾನುವಾರ ಧಾರವಾಡದ ಸಾಧನಕೇರಿ ದಂಡೆಯಲ್ಲಿ ನಾವೊಂದಿಷ್ಟು ಜನ ಸೇರಿದ್ದೆವು. ಎಲ್ಲರಿಗೂ ಇಂಗ್ಲಿಷ್ ಕಥೆಗಳ ಪತ್ತೇದಾರ ಷರ್ಲಾಕ್ ಹೋಮ್ಸ್ ಹುಚ್ಚು. ಹೋಮ್ಸ್ ಮತ್ತು ಅವನ ಕಥೆ ಹೇಳುವ ಗೆಳೆಯ ವಾಟ್ಸನ್ ಮೇಲೆ ನಾವೇ ಕಥೆ ಬರೆದು ಒಬ್ಬರಿಗೊಬ್ಬರು ಓದಿ ಹೇಳುತ್ತೇವೆ.

ಅವತ್ತು ಗದಗಿನಿಂದ ಬಂದ ಹುಡುಗಿಯ ಸರದಿ. ಅವಳ ಕಥೆಯಲ್ಲಿ ಹೋಮ್ಸ್‌ಗೆ ವಾಟ್ಸನ್ ಮೇಲೆ ಪ್ರೀತಿ. ಬಾಯಿಬಿಟ್ಟು ಹೇಳಲಾಗದೆ ರಾತ್ರಿಯೆಲ್ಲ ಪಿಟೀಲು ಬಾರಿಸುತ್ತಾನೆ. ನಮ್ಮ ಜೊತೆಗಿದ್ದ ನಿವೃತ್ತ ಮೇಷ್ಟ್ರಿಗೆ ಇದು ಹಿಡಿಸಲಿಲ್ಲ.

"ಏನ ತಂಗಿ ಇದು? ಹೋಮ್ಸ್ ಅಂದ್ರ ಬರೇ ಬುದ್ಧಿ. ಅಂವಗ ಪ್ರೀತಿ ಎಲ್ಲಿಂದ ಬಂತು?"

"ಮೂಲದಾಗ ಐತ್ರಿ ಸರ್," ಅಂದು ಅವಳು ಮೊಬೈಲ್ ತೆಗೆದಳು.

ತೋರಿಸಿದ್ದು 1924ರಲ್ಲಿ ಬಂದ 'ದಿ ತ್ರೀ ಗ್ಯಾರಿಡೆಬ್ಸ್' ಕಥೆ. ಕೊಲೆಗಾರನ ಗುಂಡು ವಾಟ್ಸನ್ ತೊಡೆಗೆ ತಾಗುತ್ತದೆ. ಹೋಮ್ಸ್ ಓಡಿ ಬಂದು ಅವನನ್ನು ಹಿಡಿದುಕೊಳ್ಳುತ್ತಾನೆ. ಏನೂ ಆಗಿಲ್ಲ ಅಂತ ಹೇಳು ಎಂದು ಅಂಗಲಾಚುತ್ತಾನೆ. ಚಾಕುವಿನಿಂದ ಪ್ಯಾಂಟ್ ಸೀಳಿ ನೋಡಿದರೆ ಗಾಯ ಮೇಲೆಮೇಲೆ ಅಷ್ಟೇ. ಆದರೆ ಅಷ್ಟರಲ್ಲಿ ಹೋಮ್ಸ್‌ನ ಕಣ್ಣು ಮಂಜಾಗಿರುತ್ತದೆ, ತುಟಿ ನಡುಗಿರುತ್ತದೆ. ಇದನ್ನು ಕಾಣಲು ಎಷ್ಟು ಗಾಯವಾದರೂ ಸರಿ ಅಂತ ವಾಟ್ಸನ್ ಬರೆಯುತ್ತಾನೆ.

ಹೋಮ್ಸ್ ಮೊದಲು ಅಚ್ಚಾದದ್ದು 1887ರಲ್ಲಿ. ಅಂದರೆ ಆ ತುಟಿ ಹೀಗೆ ನಡುಗಲು 37 ವರ್ಷ ಬೇಕಾಯಿತು! ಅಭಿಮಾನಿಗಳು ಈ ನಾಲ್ಕು ಸಾಲುಗಳನ್ನು ಯಾಕೆ ಬಿಡುವುದಿಲ್ಲ ಅಂತ ನನಗೆ ಚೆನ್ನಾಗಿ ಗೊತ್ತು. ಅವನ ಜಾಣತನಕ್ಕೆ ಬೆರಗಾಗುತ್ತೇವೆ, ನಿಜ. ಆದರೆ ಅವನು ನಮ್ಮವನು ಅನ್ನಿಸುವುದು ಅವನಿಗೆ ಹೆದರಿಕೆಯಾದಾಗ.

ಹುಬ್ಬಳ್ಳಿಯ ಬಿಡಿಭಾಗದ ಅಂಗಡಿಯಲ್ಲಿ ಕೆಲಸ ಮಾಡುವ ಹುಡುಗನೊಬ್ಬ ಯಾವಾಗಲೂ ಸುಮ್ನೆ ಕೂತಿರುತ್ತಿದ್ದ. ಅವತ್ತು ಮಾತಾಡಿದ. ಅವನ ಗೆಳೆಯ ಬೈಕ್‌ನಿಂದ ಬಿದ್ದು ರಸ್ತೆಯಲ್ಲಿ ಮಲಗಿದ್ದನಂತೆ. "ನಾನೂ ಹಿಂಗ ಕೇಳಿದ್ನಿರಿ, ಏನೂ ಆಗಿಲ್ಲ ಅನ್ನಲೇ ಅಂತ. ಅಂವಾ ಆರಾಮ ಆದ. ಆದ್ರ ನಾ ಎಷ್ಟ ಹೆದರಿದ್ದೆ ಅಂತ ಇನ್ನೂ ಅವಗ ಹೇಳಿಲ್ಲರಿ." ಹುಡುಗಿ ತನ್ನ ನೋಟ್‌ಬುಕ್ ಅವನ ಕೈಗೆ ಕೊಟ್ಟಳು.

ಈ ಹುಚ್ಚಿಗೆ ಇನ್ನೊಂದು ಮುಖವೂ ಇದೆ. 1893ರ ಕಥೆಯೊಂದರಲ್ಲಿ ಲೇಖಕ ಕಾನನ್ ಡಾಯ್ಲ್ ಹೋಮ್ಸ್‌ನನ್ನು ಸಾಯಿಸಿದಾಗ ಓದುಗರು ಸಿಟ್ಟಿನ ಪತ್ರ ಬರೆದರು. 1903ರಲ್ಲಿ ಅವನು ಬದುಕಿಯೇ ಇದ್ದಾನೆಂದು ಡಾಯ್ಲ್ ಬರೆಯಬೇಕಾಯಿತು. ಆ ಸಂಕಟ ನನಗೆ ಅರ್ಥವಾಗುತ್ತದೆ. ಆದರೆ 'ನನ್ನ ಹೋಮ್ಸ್ ಮಾತ್ರ ಸರಿ' ಎಂದು ಇನ್ನೊಬ್ಬರ ಬಾಯಿ ಮುಚ್ಚಿಸುವುದನ್ನು ನಾನು ಒಪ್ಪುವುದಿಲ್ಲ. ಆ ಹುಡುಗಿ ಸುಮ್ಮನಾಗಿದ್ದರೆ ಈ ಹುಡುಗನೂ ಮಾತಾಡುತ್ತಿರಲಿಲ್ಲ, ಅಲ್ವಾ?

ಮೇಷ್ಟ್ರು ಕೊನೆವರೆಗೂ ಒಪ್ಪಲಿಲ್ಲ. ಏಳುವಾಗ ಹುಡುಗಿಗೆ ಹೇಳಿದರು: "ಮುಂದಿನ ಸಲ ನಾನೂ ಒಂದ ಬರ್ಕೊಂಡ ಬರ್ತೀನವಾ. ನನ್ನ ಹೋಮ್ಸ್ ಅಳಂಗಿಲ್ಲ ನೋಡು."

"ಬರೀರಿ ಸರ್, ಕೇಳ್ತೀನಿ," ಅಂದಳು ಅವಳು.