ಸಕ್ಕರಿ ಹಂಚಿದ ದಿನ

ಸೆಪ್ಟೆಂಬರ್ 17ರ ಬೆಳಿಗ್ಗೆ ನಮ್ಮ ಓಣಿಯ ಶಾಲೆಯಲ್ಲಿ ಧ್ವಜ ಏರಿಸಿದರು. ಮೈಕಿನ ಸದ್ದು ಮನೆಯೊಳಗೂ ಕೇಳುತ್ತಿತ್ತು. ಕಲಬುರಗಿಯಲ್ಲಿ ನಮಗೆ ಆಗಸ್ಟ್ 15ರಷ್ಟೇ ಇದೂ ದೊಡ್ಡ ದಿನ. ದೇಶಕ್ಕೆ ಸ್ವಾತಂತ್ರ್ಯ ಬಂದು 13 ತಿಂಗಳಾದ ಮೇಲೆ ನಾವು ಹೈದರಾಬಾದಿನ ನಿಜಾಮನ ಆಳ್ವಿಕೆಯಿಂದ ಬಿಡುಗಡೆಯಾದೆವು. ಹಾಗಾಗಿ ಅವತ್ತು ಅವ್ವನಿಗೆ ಓದಿ ಹೇಳಲು ಹೈದರಾಬಾದ್ ವಿಮೋಚನೆಯ ಪುಸ್ತಕವನ್ನೇ ತೆಗೆದೆ.

ಅವ್ವನಿಗೆ ಈಗ 85 ದಾಟಿದೆ. ಕಣ್ಣಿನ ಪೊರೆ ತೆಗೆಸಿದರೂ ಸಣ್ಣ ಅಕ್ಷರ ಕಾಣುವುದಿಲ್ಲ. ಮಧ್ಯಾಹ್ನ ಊಟ ಆದ ಮೇಲೆ ನಾನು ಓದುತ್ತೇನೆ, ಆಕೆ ಗೋಡೆಗೆ ಒರಗಿ ಕೇಳುತ್ತಾಳೆ. ಕಥೆ, ಕಾದಂಬರಿ ಬೇಡ. "ಖರೇ ನಡದದ್ದು ಓದು" ಅನ್ನುತ್ತಾಳೆ. ನನಗೂ ಅಂಥ ಪುಸ್ತಕಗಳೇ ಇಷ್ಟ. ಗೆದ್ದವರ ಕಥೆ, ಸೋತವರ ಕಥೆ, ಗೆದ್ದ ಕೈಯಲ್ಲೇ ಎಲ್ಲ ಕಳೆದುಕೊಂಡವರ ಕಥೆ.

ಹೋದ ತಿಂಗಳು ಮಹಮೂದ್ ಗವಾನನ ಬಗ್ಗೆ ಓದಿದ್ದೆವು. ಇರಾನಿನಿಂದ ವ್ಯಾಪಾರಕ್ಕೆ ಬಂದು ಬಹಮನಿ ರಾಜ್ಯದ ಪ್ರಧಾನಿಯಾದವನು. 1472ರಲ್ಲಿ ಬೀದರಿನಲ್ಲಿ ಆ ದೊಡ್ಡ ಮದರಸಾ ಕಟ್ಟಿಸಿದವನು. ಅವನ ಮುದ್ರೆ ಕಾಯುತ್ತಿದ್ದವನಿಂದ ಅದನ್ನು ಖಾಲಿ ಕಾಗದಕ್ಕೆ ಒತ್ತಿಸಿಕೊಂಡು, ಅದರ ಮೇಲೆ ರಾಜದ್ರೋಹದ ಪತ್ರ ಬರೆದರಂತೆ ವೈರಿಗಳು. ಸುಲ್ತಾನ ನಂಬಿಬಿಟ್ಟ. 1481ರಲ್ಲಿ ಗವಾನನ ತಲೆ ಹೋಯಿತು. ನಾನು ಪುಸ್ತಕ ಮುಚ್ಚಿದಾಗ ಅವ್ವ ಕೇಳಿದ್ದು ಒಂದೇ ಪ್ರಶ್ನೆ: "ಮುದ್ರಿ ಒತ್ತಿ ಕೊಟ್ಟವ ಆಮ್ಯಾಲ ಹ್ಯಾಂಗ ಬದುಕಿದ?" ಆಕೆ ಕೇಳುವುದೆಲ್ಲ ಹೀಗೇ. ಸುಲ್ತಾನ, ಪ್ರಧಾನಿಯ ಬಗ್ಗೆ ಅಲ್ಲ. ಪುಟದ ಅಂಚಿನಲ್ಲಿ ನಿಂತವರ ಬಗ್ಗೆ.

ಅವತ್ತು ಮೊದಲು ರಜಾಕಾರರ, ಅಂದರೆ ನಿಜಾಮನ ಪರ ನಿಂತ ಖಾಸಗಿ ಪಡೆಯ, ಭಾಗ ಓದಿದೆ. 1948ರ ಮೇ ತಿಂಗಳಲ್ಲಿ ಬಸವಕಲ್ಯಾಣ ತಾಲೂಕಿನ ಗೋರಟಾದಲ್ಲಿ ನಡೆದ ಹತ್ಯಾಕಾಂಡ ಬಂತು. ಇನ್ನೂರಕ್ಕೂ ಹೆಚ್ಚು ಜನ ಸತ್ತರೆಂದು ಹೇಳುತ್ತಾರೆ. ಅವ್ವನ ತವರು ಗೋರಟಾದಿಂದ ಬಹಳ ದೂರ ಇಲ್ಲ. ಆಗ ಆಕೆಗೆ ಎಂಟು ವರ್ಷ. ಆ ಸುದ್ದಿ ಬಂದ ರಾತ್ರಿ ಮಕ್ಕಳನ್ನೆಲ್ಲ ಪಕ್ಕದ ಪಿಂಜಾರರ (ಅರಳೆ ಹಿಂಜುವ ಮುಸ್ಲಿಮರು) ಮನೆಯಲ್ಲಿ ಅರಳೆ ರಾಶಿಯ ಹಿಂದೆ ಮಲಗಿಸಿದ್ದರು ಅನ್ನುವುದು ನನಗೆ ಗೊತ್ತಿತ್ತು. ಸಣ್ಣವನಿದ್ದಾಗಲೇ ಹೇಳಿದ್ದಳು. "ಅರಳಿ ಮೂಗಿನಾಗ ಹೋಗಿ ಸೀನು ಬರತಿತ್ತು, ಚಾಚಿ ಬಾಯಿ ಮ್ಯಾಲ ಕೈ ಇಟ್ಟಿದ್ಲು" ಅಂತ. ಚಾಚಿ ಅಂದರೆ ಆ ಮನೆಯಾಕೆ.

ಮುಂದಿನ ಅಧ್ಯಾಯ ಗೆಲುವಿನದು. ಸೆಪ್ಟೆಂಬರ್ 13ಕ್ಕೆ ಭಾರತದ ಸೈನ್ಯ ಒಳಗೆ ಬಂತು, 17ಕ್ಕೆ ನಿಜಾಮ ಸೋಲೊಪ್ಪಿದ. ಸರ್ದಾರ್ ಪಟೇಲರ ಗಟ್ಟಿತನ, ಹೈದರಾಬಾದ್ ಕಾಂಗ್ರೆಸ್ಸಿನ ಮುಂದಾಳು ಸ್ವಾಮಿ ರಮಾನಂದ ತೀರ್ಥರ ಹೋರಾಟ, ಊರೂರಲ್ಲಿ ತ್ರಿವರ್ಣ ಧ್ವಜ. ಓದುತ್ತಾ ನನ್ನ ದನಿ ತಾನಾಗಿಯೇ ಏರಿತ್ತು. ಆ ದಿನಕ್ಕಾಗಿ ಜೈಲು ಕಂಡವರು, ಜೀವ ಕೊಟ್ಟವರು ಎಷ್ಟು ಜನ, ಅಲ್ವಾ? ನನಗೆ ಅದು ಇವತ್ತಿಗೂ ಹೆಮ್ಮೆ. ಅಧ್ಯಾಯ ಅಲ್ಲಿಗೆ ಮುಗಿಯಿತು.

"ಮುಂದ?" ಅಂದಳು ಅವ್ವ.

"ಮುಂದ ಏನೂ ಇಲ್ಲವ್ವ. 1956ಕ್ಕೆ ಹೋಗ್ತದ. ಏಕೀಕರಣ."

ಅವ್ವ ಸ್ವಲ್ಪ ಹೊತ್ತು ಸುಮ್ಮನಿದ್ದಳು. ಸೆರಗಿನ ತುದಿಯನ್ನು ಬೆರಳಿಗೆ ಸುತ್ತುತ್ತಾ, ಬಿಚ್ಚುತ್ತಾ ಕೂತಳು. ಆಮೇಲೆ ಹೇಳಿದಳು: "ಝಂಡಾ ಏರಿಸಿದ ದಿನ ಊರಾಗ ಸಕ್ಕರಿ ಹಂಚಿದ್ರು. ನನಗೂ ಒಂದ್ ಮುಷ್ಟಿ ಕೊಟ್ರು. ನಾ ಅದನ್ನ ಹಗೇವಿನಾಗ ಹಾಕಿದೆ."

ನನಗೆ ತಿಳಿಯಲಿಲ್ಲ. ಹಗೇವು ಅಂದರೆ ಜೋಳ ತುಂಬಿಡುವ ನೆಲದೊಳಗಿನ ಕಣಜ. ಅದರಲ್ಲಿ ಸಕ್ಕರೆ ಯಾಕೆ?

ಆಮೇಲೆ ಅವ್ವ ನಿಧಾನಕ್ಕೆ ಹೇಳಿದಳು. ಗೆಲುವಿನ ಸುದ್ದಿಯ ಬೆನ್ನಿಗೇ ಸುತ್ತಲಿನ ಊರುಗಳಲ್ಲಿ ಮುಸ್ಲಿಮರ ಮನೆಗಳ ಮೇಲೆ ಗುಂಪುಗಳು ಬೀಳತೊಡಗಿದ್ದವು. ರಜಾಕಾರರ ಮೇಲಿನ ಸಿಟ್ಟು ರಜಾಕಾರರಲ್ಲದವರ ಮೇಲೂ ತಿರುಗಿತ್ತು. ಮುತ್ಯಾ, ಅಂದರೆ ಅವ್ವನ ಅಪ್ಪ, ರಾತ್ರೋರಾತ್ರಿ ತಮ್ಮ ಅಂಗಳದ ಹಗೇವಿನ ಬಾಯಿಯ ಚಪ್ಪಡಿ ಸರಿಸಿದ. ಮುಚ್ಚಿದ ಹಗೇವಿನ ಗಾಳಿ ಕೆಟ್ಟಿರುತ್ತದೆ, ಇಳಿದವರು ಉಸಿರುಗಟ್ಟಿ ಸಾಯುವುದುಂಟು. ಅದಕ್ಕೆ ಹಗ್ಗಕ್ಕೆ ದೀಪ ಕಟ್ಟಿ ಒಳಗೆ ಬಿಟ್ಟ. ದೀಪ ಆರಿತು. ಮತ್ತೆ ಬಿಟ್ಟ, ಮತ್ತೆ ಆರಿತು. ಎಲ್ಲರೂ ಕತ್ತಲಲ್ಲಿ ಕಾದರು. ನಾಯಿ ಬೊಗಳಿದರೂ ಎದೆ ಹಾರುತ್ತಿತ್ತಂತೆ. ಬೆಳಗಿನ ಜಾವ ದೀಪ ಆರದೆ ನಿಂತಿತು. ಆಗ ಚಾಚಿ ಮತ್ತು ಅವಳ ಮೂರು ಮಕ್ಕಳನ್ನು ಇಳಿಸಿದರು. ಅರಳೆಯ ಹಿಂದೆ ಅವ್ವನ ಬಾಯಿ ಮುಚ್ಚಿದ್ದ ಅದೇ ಚಾಚಿ. ನಡುವಿನ ಮಗಳು ಅವ್ವನ ಗೆಳತಿ. ಸಕ್ಕರೆ ಹೋದದ್ದು ಅವಳಿಗೆ, ಚಪ್ಪಡಿಯ ಸಂದಿನಿಂದ. "ಕೆಳಗಿಂದ ಆಕಿ ಕೈ ಅಷ್ಟ ಕಾಣ್ತಿತ್ತು" ಅಂದಳು.

"ಮತ್ತ ಚಾಚಾ?"

"ಅವ ಸಂತಿಗಿ ಹೋಗಿದ್ದ. ಬರಲಿಲ್ಲ."

ಅವನ ಅರಳೆ ಹಿಂಜುವ ಬಿಲ್ಲು ಎಷ್ಟೋ ವರ್ಷ ಮುತ್ಯಾನ ಪಡಸಾಲೆಯ ಗೂಟಕ್ಕೆ ತೂಗುತ್ತಿತ್ತಂತೆ. ಮಕ್ಕಳು ಅದರ ತಂತಿ ಮೀಟಿದರೆ ಮುತ್ಯಾ ಬಯ್ಯುತ್ತಿದ್ದ. ಆ ಬಿಲ್ಲನ್ನು ನಾನೂ ನೋಡಿದ್ದೇನೆ! ರಜೆಗೆ ಹೋದಾಗ ಅದರ ಕೆಳಗೇ ಮಲಗುತ್ತಿದ್ದೆ. ಯಾರದು ಅಂತ ಒಮ್ಮೆಯೂ ಕೇಳಿರಲಿಲ್ಲ. ಅರಳೆ ರಾಶಿಯ ಕಥೆಯನ್ನು ನೂರು ಸಲ ಹೇಳಿದ ಅವ್ವ ಈ ಅರ್ಧವನ್ನು ಇಷ್ಟು ವರ್ಷ ಹೇಗೆ ಒಳಗೇ ಇಟ್ಟುಕೊಂಡಳೋ.

ಸಂಜೆ ನಾನು ಇನ್ನೊಂದು ಪುಸ್ತಕ ಹುಡುಕಿ ತೆಗೆದೆ. ಪೊಲೀಸ್ ಕಾರ್ಯಾಚರಣೆ (ಸೈನ್ಯ ಒಳಗೆ ಬಂದದ್ದಕ್ಕೆ ಇಟ್ಟ ಹೆಸರು) ಆದಮೇಲೆ ನೆಹರೂ ಅವರ ಸರ್ಕಾರ ಪಂಡಿತ್ ಸುಂದರಲಾಲ್ ಅವರನ್ನೂ ಜೊತೆಗೆ ಕೆಲವರನ್ನೂ ನಡೆದದ್ದನ್ನು ತಿಳಿದು ಬರಲು ಇಲ್ಲಿಗೆ ಕಳಿಸಿತ್ತು. ಸತ್ತವರು 27,000ದಿಂದ 40,000 ಇರಬಹುದು ಎಂದು ಅವರು ವರದಿ ಕೊಟ್ಟರು. ಹೆಚ್ಚು ಪೆಟ್ಟು ತಿಂದ ನಾಲ್ಕು ಜಿಲ್ಲೆಗಳಲ್ಲಿ ಬೀದರ್, ಗುಲಬರ್ಗಾ ಎರಡೂ ಇವೆ. ಆ ವರದಿ ದಶಕಗಟ್ಟಲೆ ಜನರ ಕೈಗೆ ಸಿಗಲೇ ಇಲ್ಲ. ಗೆಲುವಿನ ಪುಸ್ತಕದಲ್ಲಿ ಈ ಲೆಕ್ಕ ಇಲ್ಲ. ಸಾವಿನ ಲೆಕ್ಕ ಇರುವ ಪುಸ್ತಕದಲ್ಲಿ ಗೋರಟಾ ಒಂದು ಸಾಲಿಗೂ ಬರುವುದಿಲ್ಲ. ಎರಡನ್ನೂ ಬೇರೆ ಬೇರೆ ಕಪಾಟಿನಲ್ಲಿ ಇಟ್ಟವನು ನಾನೇ. ಆದರೆ ಅವ್ವನಿಗೆ ಅದು ಒಂದೇ ವರ್ಷ, ಒಂದೇ ಓಣಿ, ಒಂದೇ ಚಾಚಿ. ಇತಿಹಾಸ ಬರೆಯುವವರು ಅಷ್ಟು ಹತ್ತಿರ ಹೋಗಿ ನಿಲ್ಲಬೇಕು ಎಂದು ನನಗೆ ಬಲವಾಗಿ ಅನ್ನಿಸುತ್ತದೆ.

ಆ ವರದಿಯಲ್ಲಿ ಇನ್ನೊಂದು ಮಾತಿದೆ. ಅದನ್ನು ಅವ್ವನಿಗೆ ಓದಿದೆ. ಕೆಲವು ಕಡೆ ಹಿಂದೂಗಳು ನೆರೆಯ ಮುಸ್ಲಿಮರನ್ನು ಕಾಪಾಡಿದರು, ಹಿಂದೂ ನೇಕಾರರು ಮುಸ್ಲಿಂ ನೇಕಾರರನ್ನು ಉಳಿಸಲು ಜೀವವನ್ನೇ ಕೊಟ್ಟದ್ದೂ ಉಂಟು ಎಂದು.

"ಮತ್ತೊಮ್ಮಿ ಓದು" ಅಂದಳು. ಓದಿದೆ.

"ನೇಕಾರರು ಅಷ್ಟ ಬರದಾರೇನು?"

"ಹೂನವ್ವ, ಇಲ್ಲಿ ಅಷ್ಟೇ ಅದ."

"ಪೆನ್ ತಗೋ. ಒಕ್ಕಲತನ ಮಾಡೋರೂ ಇದ್ರು ಅಂತ ಬರಿ. ಪಿಂಜಾರ ಚಾಚಿದೂ ಬರಿ. ಆಕಿ ಮೊದಲ ಬರಬೇಕು."

ಪುಟದ ಅಂಚಿನಲ್ಲಿ ಜಾಗ ಕಡಿಮೆ ಇತ್ತು. ಅಕ್ಷರ ಸಣ್ಣದು ಮಾಡಿ ಬರೆದೆ. ಚಾಚಿಯನ್ನು ಮೊದಲು, ಮುತ್ಯಾನನ್ನು ಆಮೇಲೆ.