ತಡವಾಗಿ ಬಂದ ಹೆಸರು, ತಡಮಾಡದ ಹಾಡು

ನಾವು ಧಾರವಾಡದಲ್ಲಿ ಓದುತ್ತಿದ್ದ ಕಾಲಕ್ಕೆ, ಅಂದರೆ 1982ರಿಂದ 85ರವರೆಗೆ, ಹಿಂದೂಸ್ತಾನಿ ಗಾಯಕ ಮಲ್ಲಿಕಾರ್ಜುನ ಮನ್ಸೂರರಿಗೆ ಎಪ್ಪತ್ತು ದಾಟಿತ್ತು. ದೇಶದ ದೊಡ್ಡ ದೊಡ್ಡ ಊರಿನವರು ಅವರನ್ನು ಕರೆಸಿ ಹಾಡಿಸುತ್ತಿದ್ದ ಕಾಲ ಅದು. ಧಾರವಾಡದವರಿಗೆ ಮಾತ್ರ ಅವರು ಬರೀ ಅಣ್ಣಾವ್ರು. ತೆಳ್ಳನೆಯ ಮೈ, ಧೋತರ, ಹಣೆಯಲ್ಲಿ ವಿಭೂತಿ. ಬೀಡಿ ಸೇದುತ್ತಿದ್ದರು. ಗಂಟಲು ಕಾಪಾಡಿಕೊಳ್ಳಬೇಕೆಂದು ಮೊಸರು ಮುಟ್ಟದ ಗಾಯಕರ ಕತೆಗಳನ್ನು ಕೇಳಿ ಬೆಳೆದ ನಮಗೆ ಇದೇ ದೊಡ್ಡ ಆಶ್ಚರ್ಯ.

ನಾನು ಗದಗ ಕಡೆಯವನು. ಗದಗ ಕಡೆಯ ಹುಡುಗರಿಗೆ ಹಾಡುಗಾರಿಕೆ ಅಂದರೆ ಭೀಮಸೇನ ಜೋಶಿ, ಅಲ್ಲಿಗೆ ಮುಗಿಯಿತು. ಹಾಸ್ಟೆಲಿನಲ್ಲಿ ಹುಬ್ಬಳ್ಳಿಯ ಹುಡುಗರು ಗಂಗೂಬಾಯಿ ಹಾನಗಲ್ ಅವರ ಪಕ್ಷ. ಧಾರವಾಡದವರಿಗೆ ಬಸವರಾಜ ರಾಜಗುರು ಮತ್ತು ಮನ್ಸೂರ, ಇಬ್ಬರೂ ಬೇಕು. ಸಂಗೀತ ಯಾರಿಗೂ ಅಷ್ಟು ತಿಳಿಯುತ್ತಿರಲಿಲ್ಲ, ಜಗಳ ಮಾತ್ರ ಜೋರು. ಇದನ್ನು ಕೇಳಿಸಿಕೊಂಡ ನಮ್ಮ ಗಣಿತದ ಮಾಸ್ತರು ಒಮ್ಮೆ ನಮ್ಮಲ್ಲಿ ಕೆಲವರನ್ನು ಮನ್ಸೂರರ ಕಛೇರಿಗೆ ಕರೆದುಕೊಂಡು ಹೋದರು. ದಾರಿಯಲ್ಲಿ ನಾನು, "ಸರ್, ರಾಗ ಗೊತ್ತಾಗದಿದ್ದರೆ?" ಎಂದೆ. "ಏನೂ ಗೊತ್ತಾಗೂದು ಬ್ಯಾಡ. ಸುಮ್ನ ಕುಂದ್ರು. ಸಮ್, ಅಂದ್ರ ತಾಳದ ಸುತ್ತಿನ ಮೊದಲ ಪೆಟ್ಟು, ಎಲ್ಲಿ ಬರ್ತದ ಅಷ್ಟ ನೋಡು" ಎಂದರು. ಸಂಗೀತದ ಬಗ್ಗೆ ನನಗೆ ಸಿಕ್ಕ ಪಾಠ ಅದೊಂದೇ. ಇವತ್ತಿಗೂ ಅಷ್ಟರಲ್ಲೇ ನಡೆಯುತ್ತಿದೆ.

ಭೀಮಸೇನರು ಒಂದು ಸ್ವರದ ಮೇಲೆ ನಿಂತು ನಿಧಾನಕ್ಕೆ ಮುಂದಿನದಕ್ಕೆ ಹೋಗುವುದನ್ನು ರೇಡಿಯೊದಲ್ಲಿ ಕೇಳಿದ್ದೆ. ಇಲ್ಲೂ ಹಾಗೇ ಅಂತ ಕಾಯುತ್ತ ಕುಳಿತೆ. ಮನ್ಸೂರರು ತಂಬೂರಿಯ ಶ್ರುತಿಗೆ ಒಂದೆರಡು ಸಲ 'ಆ' ಎಂದು ಆಕಾರ ಹಚ್ಚಿದರು, ಅಷ್ಟೇ. ಮರುಕ್ಷಣ ಚೀಜು, ಅಂದರೆ ಹಾಡಿನ ಸಾಲು, ಶುರು. ತಬಲಾದವರು ಠೇಕಾ ಹಿಡಿಯುವ ಹೊತ್ತಿಗೆ ರಾಗ ಆಗಲೇ ನಮ್ಮ ಎದುರಿಗಿತ್ತು. ತೀನ್‌ತಾಲ ಎಂಬ ತಾಳದ ಒಂದು ಸುತ್ತಿನ 16 ಮಾತ್ರೆ (ಎಣಿಕೆ) ಮುಗಿಯುವುದರೊಳಗೆ ಹೇಳುವುದನ್ನೆಲ್ಲ ಹೇಳಬೇಕು ಎನ್ನುವಂಥ ಹಾಡಿಕೆ. ಒಂದು ತಾನು (ವೇಗದ ಸ್ವರಗಳ ಸಾಲು) ಎಲ್ಲೋ ಎಡಕ್ಕೆ ಹೋದಂತೆ ಕಾಣುತ್ತಿತ್ತು. ತಾಳದ ಸುತ್ತು ಮುಗಿಯುತ್ತ ಬಂತು, ಇನ್ನು ಹಾಡಿನ ಮೊದಲ ತುಂಡಾದ ಮುಖಡಾ ಹಿಡಿಯಲು ಜಾಗವೇ ಇಲ್ಲ ಎಂದುಕೊಳ್ಳುವಾಗ ಸಣ್ಣದೊಂದು ತಿರುವು ಕೊಟ್ಟು ಸಮ್ ಮೇಲೆ ಬಂದು ಕೂತುಬಿಡುತ್ತಿದ್ದರು. ಪಕ್ಕದಲ್ಲಿ ಮಾಸ್ತರು ತೊಡೆ ತಟ್ಟಿದಾಗಲೇ ನನಗೆ ಅದು ಗೊತ್ತಾಗುತ್ತಿದ್ದದ್ದು. ಆಮೇಲಾಮೇಲೆ ಅವರಿಗಿಂತ ಚೂರು ಮೊದಲೇ ನನ್ನ ಕೈ ಎದ್ದಿತು. ಆ ಖುಷಿ ಪರೀಕ್ಷೆ ಪಾಸಾದಾಗಲೂ ಆಗಲಿಲ್ಲ.

ಇಂಥ ಅವಸರದ ಹಾಡಿನ ಮನುಷ್ಯನ ಬದುಕಿನಲ್ಲಿ ಮಾತ್ರ ಎಲ್ಲ ತಡವಾಗಿ ನಡೆದದ್ದು.

ಹುಟ್ಟಿದ್ದು 1910ರ ಡಿಸೆಂಬರ್ 31ಕ್ಕೆ, ಧಾರವಾಡದ ಮಗ್ಗುಲಲ್ಲೇ ಇರುವ ಮನ್ಸೂರಿನಲ್ಲಿ. ತಂದೆ ಭೀಮರಾಯಪ್ಪ ಊರ ಗೌಡರು, ತಾಯಿ ನೀಲಮ್ಮ. ಅಣ್ಣ ಬಸವರಾಜ ನಾಟಕದವರು. ಅವರ ಹಿಂದೆಯೇ ತಮ್ಮನೂ ಚಿಕ್ಕ ವಯಸ್ಸಿನಲ್ಲೇ ನಾಟಕ ಕಂಪನಿ ಸೇರಿದರು. ಮೊದಲು ಅಪ್ಪಯ್ಯಸ್ವಾಮಿಗಳ ಹತ್ತಿರ ಕರ್ನಾಟಕ ಸಂಗೀತ. ಆಮೇಲೆ ಮಿರಜಿನಲ್ಲಿ ನೀಲಕಂಠ ಬುವಾ ಅವರ ಹತ್ತಿರ ಗ್ವಾಲಿಯರ್ ಘರಾಣೆಯ, ಅಂದರೆ ಆ ಗಾಯನ ಪರಂಪರೆಯ, ಪಾಠ. ಅಷ್ಟು ಕಲಿತ ಮೇಲೆ ಹೆಸರು ಬಂತು, ಕಛೇರಿಗಳು ಬಂದವು, ಗ್ರಾಮಫೋನ್ ರೆಕಾರ್ಡುಗಳೂ ಬಂದವು. ಬೇರೆ ಯಾರಾದರೂ ಆಗಿದ್ದರೆ ಸಾಕು ಅಂತ ಕೂರುತ್ತಿದ್ದರು.

ಇವರು ಕೂರಲಿಲ್ಲ. ಮುಂಬೈಯಲ್ಲಿ ಮಂಜಿ ಖಾನರ ಶಿಷ್ಯರಾದರು. ಮಂಜಿ ಖಾನರು ಜೈಪುರ-ಅತ್ರೌಲಿ ಘರಾಣೆಯ ದೊಡ್ಡವರಾದ ಅಲ್ಲಾದಿಯಾ ಖಾನರ ಮಗ. ಈ ಘರಾಣೆಯ ಉಸಿರಾಟ, ಲಯದ ಲೆಕ್ಕ, ತಾನಿನ ಹೆಣಿಗೆ ಎಲ್ಲ ಬೇರೆ. ಕಲಿತ ಕೈಯನ್ನು ಮತ್ತೆ ತಿದ್ದಿಸಿಕೊಳ್ಳುವುದು ಹೊಸದಾಗಿ ಕಲಿಯುವುದಕ್ಕಿಂತ ಕಷ್ಟ, ಅಲ್ವಾ? ಅದಕ್ಕೂ ಒಪ್ಪಿದರು. ಪಾಠ ಹದಕ್ಕೆ ಬರುತ್ತಿರುವಾಗಲೇ, 1937ರಲ್ಲಿ, ಮಂಜಿ ಖಾನರು ತೀರಿಕೊಂಡರು. ಆಗ ಅವರ ತಮ್ಮ ಭೂರ್ಜಿ ಖಾನರ ಹತ್ತಿರ ಪಾಠ ಮುಂದುವರಿಯಿತು. ಮನ್ಸೂರರ ಬಾಯಲ್ಲಿ ನಾವು ಕೇಳಿದ ಅಪರೂಪದ ರಾಗಗಳ ಗಂಟು ಹೆಚ್ಚಾಗಿ ಈ ಮನೆಯದೇ.

ಆ ಗಂಟನ್ನು ಒಂಚೂರು ಬಿಚ್ಚಿ ತೋರಿಸಬೇಕು. ಬಸಂತಿ ಕೇದಾರ ಅಂತ ಒಂದು ಇದೆ. ಬಸಂತ್ ಮತ್ತು ಕೇದಾರ ಕೂಡಿದ ಜೋಡುರಾಗ. ಎರಡನ್ನೂ ಒಂದರ ಪಕ್ಕ ಒಂದು ಇಟ್ಟು ಹಾಡಿದರೆ ಹೊಲಿಗೆ ಎದ್ದು ಕಾಣುತ್ತದೆ. ಇವರು ಹಾಡಿದರೆ ಬಸಂತ್ ಯಾವಾಗ ಹೋಯಿತು, ಕೇದಾರ ಯಾವಾಗ ಬಂತು ಅಂತ ತಿಳಿಯುವುದಿಲ್ಲ. ಖಟ್ ಎನ್ನುವುದಂತೂ ಆರು ರಾಗಗಳ ಕೂಟ ಎನ್ನುತ್ತಾರೆ. ಶುದ್ಧ ನಟ್, ಆಸಾ ಜೋಗಿಯಾ, ಲಚ್ಛಾಸಾಖ್, ಶಿವಮತ ಭೈರವ್, ಒಂದೇ ನಿಷಾದ (ನಿ ಸ್ವರ) ಇರುವ ಬಿಹಾಗಡಾ, ಹೀಗೆ ಪಟ್ಟಿ ಬೆಳೆಯುತ್ತದೆ. ಬೇರೆ ಗಾಯಕರು ಇಂಥದ್ದನ್ನು ವರ್ಷಕ್ಕೊಮ್ಮೆ ಹೊರಗೆ ತೆಗೆದರೆ ಹೆಚ್ಚು. ಮನ್ಸೂರರು ಯಮನ್ ಹಾಡುವಷ್ಟೇ ಸಲೀಸಾಗಿ ಇವನ್ನೂ ಹಾಡುತ್ತಿದ್ದರು. ಬೇಗ ಮುಗಿಸಿಬಿಡುತ್ತಾರೆ, ಇನ್ನೂ ಬೇಕು ಅನ್ನುವಾಗ ಎದ್ದು ಹೋಗುತ್ತಾರೆ ಎಂದು ಕೆಲವರು ಗೊಣಗುತ್ತಿದ್ದರು. ನನಗೆ ಆ ದೂರು ಒಪ್ಪಿಗೆಯಿಲ್ಲ. ಹೇಳುವುದು ಮುಗಿದ ಮೇಲೂ ಎಳೆದಾಡುವ ಗಾಯಕರನ್ನು ಈಚೆಗೆ ಸಾಕಷ್ಟು ಕೇಳಿದ್ದೇನೆ.

ಇಷ್ಟೆಲ್ಲ ಸರಕಿದ್ದರೂ ದೇಶ ಅವರ ಕಡೆ ಪೂರ್ತಿ ತಿರುಗಿ ನೋಡಿದ್ದು ಅರವತ್ತರ ಹತ್ತಿರ ಬಂದಾಗ. ಅಲ್ಲಿಯವರೆಗೆ ಧಾರವಾಡ ಬಿಡದೆ, ಆಕಾಶವಾಣಿಯ ಸಂಗೀತ ಸಲಹೆಗಾರರಾಗಿ, ತಮ್ಮ ಪಾಡಿಗೆ ತಾವು ಹಾಡಿಕೊಂಡಿದ್ದರು. 1970ರಲ್ಲಿ ಪದ್ಮಶ್ರೀ, ಮರುವರ್ಷ ಸಂಗೀತ ನಾಟಕ ಅಕಾಡೆಮಿ ಪ್ರಶಸ್ತಿ, 1976ರಲ್ಲಿ ಪದ್ಮಭೂಷಣ, 1981ರಲ್ಲಿ ಕಾಳಿದಾಸ ಸಮ್ಮಾನ. ಆಮೇಲಿನವು ಒಂದರ ಹಿಂದೊಂದು ಬಂದವು. ಕಾದು ಕಾದು ಸಿಟ್ಟಾದವರ ಮುಖ ಅವರದಲ್ಲ. ಹೆಸರಿಗಾಗಿ ಕಾಯುತ್ತಿದ್ದರು ಎಂದೇ ನನಗೆ ಅನ್ನಿಸುವುದಿಲ್ಲ.

ಕಾಲೇಜು ರಸ್ತೆಯ ಹತ್ತಿರದ ಅವರ ಮನೆಯ ಹೆಸರು 'ಮೃತ್ಯುಂಜಯ'. ಮುರುಘಾಮಠದ ಮೃತ್ಯುಂಜಯ ಸ್ವಾಮಿಗಳ ಮೇಲಿನ ಭಕ್ತಿಯಿಂದ ಇಟ್ಟ ಹೆಸರು. ಖಾನಸಾಹೇಬರ ಮನೆಯ ವಿದ್ಯೆ ಮತ್ತು ಶರಣರ ವಚನ, ಎರಡೂ ಅವರಿಗೆ ಮನೆಯ ಮಾತೇ. ಕಛೇರಿಯಲ್ಲಿ ವಚನ ಹಾಡುವಾಗ ತಾನುಗಳ ಆಟ ಕಡಿಮೆ ಮಾಡಿ ಮಾತನ್ನು ಮುಂದೆ ಬಿಡುತ್ತಿದ್ದರು. ಅಕ್ಕಮಹಾದೇವಿಯ ವಚನ ಶುರುವಾದರೆ, ಅಲ್ಲಿಯವರೆಗೆ ತಾಳ ಎಣಿಸುತ್ತಿದ್ದವರೂ ಎಣಿಕೆ ಬಿಡುತ್ತಿದ್ದರು. ರಾಗ ತಿಳಿಯದ ನನ್ನ ರೂಮ್‌ಮೇಟು ಬರುತ್ತಿದ್ದದ್ದೇ ಅದಕ್ಕೆ. ಮೊದಲಿನದೆಲ್ಲ ಅವನ ಪಾಲಿಗೆ ವಚನಕ್ಕೆ ಕೊಡುವ ಬಾಡಿಗೆ.

1992ರಲ್ಲಿ ಪದ್ಮವಿಭೂಷಣ ಬಂತು. ಅದೇ ವರ್ಷ ಸೆಪ್ಟೆಂಬರ್ 12ಕ್ಕೆ ತೀರಿಕೊಂಡರು. ನಾನಾಗ ಕೆಲಸದ ಮೇಲೆ ದೂರದ ಊರಿನಲ್ಲಿದ್ದೆ. ಸುದ್ದಿ ಪತ್ರಿಕೆಯಲ್ಲಿ ಓದಿದೆ. ಕೆಲವು ದಿನಕ್ಕೆ ಮಾಸ್ತರ ಕಾರ್ಡು ಬಂತು. ಮನೆ, ಮಳೆ, ಮೊಮ್ಮಗಳ ವಿಷಯವೆಲ್ಲ ಬರೆದು ಕೊನೆಗೆ ಒಂದು ಸಾಲು: "ಶುದ್ಧ ನಟ್ ಕ್ಯಾಸೆಟ್ ಸಿಕ್ಕರ ಎರಡು ತೊಗೊ, ಒಂದು ನನಗ."

ಆ ಮನೆ ಈಗ ಸ್ಮಾರಕವಾಗಿದೆ. ನಮ್ಮ ಕಾಲೇಜಿನ ಹುಡುಗ ಹುಡುಗಿಯರು ಹೋಗಿ ನೋಡಲಿ. ಹಾಡು ಕೇಳಬೇಕೆನ್ನುವವರಿಗೆ ಈಗ ಮೊಬೈಲಿನಲ್ಲೇ ಎಲ್ಲ ಸಿಗುತ್ತದೆ, ಕ್ಯಾಸೆಟ್ಟಿಗೆ ಅಲೆಯಬೇಕಿಲ್ಲ. ನನ್ನನ್ನು ಕೇಳಿದರೆ ಖಟ್‌ನಿಂದ ಶುರು ಮಾಡಬೇಡಿ, ಆರು ರಾಗಗಳ ಗೊಂದಲದಲ್ಲಿ ಓಡಿಹೋಗುತ್ತೀರಿ. ಮೊದಲು ಶಿವಮತ ಭೈರವ್ ಕೇಳಿ, ಬೆಳಗಿನ ಹೊತ್ತಿಗಾದರೆ ಇನ್ನೂ ಒಳ್ಳೆಯದು. ಆಮೇಲೆ ಶುದ್ಧ ನಟ್. ಬಸಂತಿ ಕೇದಾರಕ್ಕೆ ಬರುವ ಹೊತ್ತಿಗೆ ತೊಡೆ ತಟ್ಟುವುದು ನಿಮಗೂ ಬಂದಿರುತ್ತದೆ.