ರೋಲೂಸ್‌ನಲ್ಲಿ ಪಿತೃಪಕ್ಷ

ಕಾಂಬೋಡಿಯಾಕ್ಕೆ ಹೋಗಿಬಂದೆ ಅಂದರೆ ಸಾಕು, ಎಲ್ಲರೂ ಆಂಗ್ಕೋರ್ ವಾಟ್ ಬಗ್ಗೆಯೇ ಕೇಳುತ್ತಾರೆ. ಅದನ್ನೂ ನೋಡಿದೆ. ದೊಡ್ಡದು, ನಿಜವಾಗಿಯೂ ದೊಡ್ಡದು. ಆದರೆ ಅಲ್ಲಿ ಕೈ ಮುಗಿಯೋಣ ಅನ್ನುವಷ್ಟರಲ್ಲಿ ಮುಂದೆ ಯಾರೋ ಸೆಲ್ಫಿ ಕೋಲು ಎತ್ತಿರುತ್ತಿದ್ದರು. ನನ್ನ ಮನಸ್ಸು ನಿಂತದ್ದು ರೋಲೂಸ್‌ನಲ್ಲಿ. ಸಿಯೆಮ್ ರೀಪ್ ಪಟ್ಟಣದಿಂದ ಪೂರ್ವಕ್ಕೆ ಸುಮಾರು 13 ಕಿಲೋಮೀಟರ್. ಸುತ್ತ ಗದ್ದೆ, ತಾಳೆಮರ, ಕೆಂಪು ಮಣ್ಣಿನ ದಾರಿ, ನಡುನಡುವೆ ಹಳ್ಳಿ. ಒಂಬತ್ತನೇ ಶತಮಾನದಲ್ಲಿ ಇದು ಖ್ಮೇರ್ ರಾಜರ ರಾಜಧಾನಿ. ಆಗಿನ ಹೆಸರು ಹರಿಹರಾಲಯ.

ನಾನು ಹುಟ್ಟಿ ಬೆಳೆದದ್ದು ತುಂಗಭದ್ರೆಯ ದಡದ ಹರಿಹರದಲ್ಲಿ. ಗುಹಾಸುರನ ಕಥೆ ಕೇಳದೆ ನಮ್ಮೂರಿನ ಮಕ್ಕಳು ಯಾರೂ ಮಲಗಿದವರಲ್ಲ. ಹರಿಯಿಂದಲೂ ಸಾವಿಲ್ಲ, ಹರನಿಂದಲೂ ಸಾವಿಲ್ಲ ಅಂತ ವರ ಪಡೆದವನನ್ನು ಕೊಲ್ಲಲು ಇಬ್ಬರೂ ಒಂದಾಗಿ ಬಂದರಲ್ಲ, ಆ ಸ್ವಾಮಿ ನಮ್ಮ ಮನೆದೇವರು. ಮಗಳು ಒಂದು ದಿನದ ಸೈಕಲ್ ಪ್ರವಾಸದ ಪಟ್ಟಿ ತೋರಿಸಿದಾಗ ಅದರಲ್ಲಿ ಹರಿಹರಾಲಯ ಎಂಬ ಹೆಸರು ಕಂಡಿತು. ಇನ್ನೇನು, ಇದೇ ಇರಲಿ ಅಂದೆ.

ನಾವು ಹೋದದ್ದು ಭಾದ್ರಪದ ಬಹುಳದಲ್ಲಿ. ಮಾವನವರ ತಿಥಿ ಮುಗಿಸಿಕೊಂಡೇ ಮನೆ ಬಿಟ್ಟಿದ್ದೆ. ಅಲ್ಲಿ ಹೋಗಿ ನೋಡಿದರೆ ಆ ದೇಶಕ್ಕೆ ದೇಶವೇ ಪಕ್ಷ ಮಾಡುತ್ತಿದೆ! ಅವರು ಅದನ್ನು ಪ್ಚುಮ್ ಬೆನ್ ಅನ್ನುತ್ತಾರೆ. ನಮ್ಮದೇ ಹದಿನೈದು ದಿನ, ಹುಣ್ಣಿಮೆ ಕಳೆದ ಮೇಲೆ ಶುರು, ಅಮಾವಾಸ್ಯೆಗೆ ದೊಡ್ಡ ಹಬ್ಬ. ಬೌದ್ಧರು ಅವರು. ಆದರೂ ಹಿರಿಯರು ಈ ಹದಿನೈದು ದಿನ ಭೂಮಿಗೆ ಬರುತ್ತಾರೆ, ಹಸಿದುಕೊಂಡು ಬರುತ್ತಾರೆ ಅನ್ನುವ ನಂಬಿಕೆ ಅಲ್ಲಿ ಗಟ್ಟಿ. ಏಳು ವಿಹಾರ ಸುತ್ತಿ ಹುಡುಕುತ್ತಾರಂತೆ, ನನ್ನ ಮಕ್ಕಳು ಎಲ್ಲಾದರೂ ಒಂದು ತುತ್ತು ಇಟ್ಟಿದ್ದಾರಾ ಅಂತ. ಸಿಗದಿದ್ದರೆ ಶಾಪ ಹಾಕಿ ಹೋಗುತ್ತಾರಂತೆ.

ನಮ್ಮ ಗೈಡ್ ಅದೇ ಕಡೆಯ ಹಳ್ಳಿ ಹುಡುಗ. "ದೇವಸ್ಥಾನ ಹಗಲಿಗೆ ಇದ್ದೇ ಇದೆ. ನಸುಕಿಗೇ ಹೊರಟರೆ ನಮ್ಮ ಮನೆಯವರ ಜೊತೆ ವಿಹಾರಕ್ಕೂ ಬರಬಹುದು" ಅಂದ. ಮಗಳು ನನ್ನ ಮುಖ ನೋಡಿದಳು. ನಾನು ಆಗಲೇ ಅಲಾರಂ ಇಡುತ್ತಿದ್ದೆ.

ಕತ್ತಲಲ್ಲಿ ಸೈಕಲ್ ಒರಗಿಸಿ ಒಳಗೆ ಹೋದೆವು. ವಿಹಾರದ ಅಂಗಳದ ತುಂಬ ಜನ. ಹೆಂಗಸರೆಲ್ಲ ಬಿಳಿ ರವಿಕೆ, ಕೆಳಗೆ ರೇಷ್ಮೆ ಲುಂಗಿಯಂಥದ್ದು. ಕೆಲವರ ಕೈಯಲ್ಲಿ ಭಿಕ್ಷುಗಳಿಗೆ ಊಟ ತಂದ ಟಿಫಿನ್ ಕ್ಯಾರಿಯರ್, ಹಿಂದೆ ನಮ್ಮ ಮನೆಗಳಲ್ಲೂ ಇರುತ್ತಿದ್ದ ಅದೇ ನಾಲ್ಕು ಡಬ್ಬಿಯದು. ಗೈಡ್ ಹುಡುಗನ ಅಜ್ಜಿ ಅಲ್ಲಿದ್ದರು. ಅವನು ಅವರನ್ನು ಯೇಯ್ ಅಂತ ಕರೆಯುತ್ತಾನೆ, ನಾನೂ ಯೇಯ್ ಅಂದೆ. ಅವರು ನನ್ನ ಕೈ ಹಿಡಿದು, ಬೆರಳು ಬಿಡಿಸಿ, ಅಂಗೈ ಮೇಲೆ ಒಂದು ಉಂಡೆ ಇಟ್ಟರು.

ಅಂಟು ಅಕ್ಕಿಯ ಅನ್ನ. ಅದಕ್ಕೆ ಎಳ್ಳು ಕಲಸಿದ್ದಾರೆ. ನಿಂಬೆಹಣ್ಣಿನ ಗಾತ್ರ. ಇನ್ನೂ ಸ್ವಲ್ಪ ಬೆಚ್ಚಗಿದೆ.

ಮುಟ್ಟಿದ ಕೂಡಲೇ ಗೊತ್ತಾಯಿತು. ಮೂಗಿಗೆ ತಂದುಕೊಳ್ಳುವ ಮೊದಲೇ ವಾಸನೆ ಬಂತು. ಒದ್ದೆ ಎಳ್ಳಿಗೆ ಒಂದು ವಾಸನೆ ಇರುತ್ತದೆ. ಚಿಗಳಿ ಉಂಡೆಯಲ್ಲಿ ಬರುವುದು ಅದಲ್ಲ. ಹುರಿದ ಎಳ್ಳಿನದೂ ಅಲ್ಲ. ಅನ್ನದ ಬಿಸಿಗೋ ನೀರಿನ ತಣ್ಣಗೋ ತಾಗಿದಾಗ ಬರುವ, ಒಂಚೂರು ಕಹಿ, ಒಂಚೂರು ಮಣ್ಣು ಅನ್ನಿಸುವ ವಾಸನೆ. ಅದು ನನಗೆ ಅಜ್ಜನ ಹೆಬ್ಬೆರಳಿನ ವಾಸನೆ.

ಭಾದ್ರಪದದಲ್ಲಿ ಹೊಳೆ ತುಂಬಿರುತ್ತಿತ್ತು. ಅಜ್ಜ ಮೆಟ್ಟಿಲಿನ ಮೇಲೆ, ಮೊಣಕಾಲಿನವರೆಗೆ ನೀರಿನಲ್ಲಿ, ಒದ್ದೆ ಪಂಚೆಯಲ್ಲಿ ನಿಂತಿರುತ್ತಿದ್ದರು. ಬೆರಳಿಗೆ ದರ್ಭೆಯ ಪವಿತ್ರ, ಜನಿವಾರ ಬಲಕ್ಕೆ. ಎಳ್ಳು ನೀರು ಹೆಬ್ಬೆರಳಿನ ಬುಡದಿಂದ ಜಾರುವಾಗ ಒಂದೆರಡು ಕಾಳು ಅಲ್ಲೇ ಅಂಟಿಕೊಳ್ಳುತ್ತಿದ್ದವು. ಒಣ ಟವೆಲ್ ಹಿಡಿದು ಮೇಲಿನ ಮೆಟ್ಟಿಲಿನಲ್ಲಿ ನಿಲ್ಲುವುದು ನನ್ನ ಕೆಲಸ. ಅಜ್ಜ ಮೆಲ್ಲಗೆ ಮಾತಾಡುವ ಮನುಷ್ಯ. ಮನೆಯಲ್ಲಿ ಕಾಫಿ ಬೇಕು ಅಂತ ಕೇಳುವುದಕ್ಕೂ ಸಂಕೋಚ. ಆದರೆ ಹೊಳೆಯಲ್ಲಿ ನಿಂತಾಗ ಆ ದನಿ ಎಲ್ಲಿಂದ ಬರುತ್ತಿತ್ತೋ! ಗೋತ್ರ ಹೇಳಿ, ಹೆಸರು ಹೇಳಿ, ತಂದೆ ವಸುರೂಪ, ಅಜ್ಜ ರುದ್ರರೂಪ, ಮುತ್ತಜ್ಜ ಆದಿತ್ಯರೂಪ ಅಂತ ಕೂಗಿ ಕರೆಯುತ್ತಿದ್ದರು. ಆಚೆ ದಡದಲ್ಲಿ ಯಾರೋ ಇದ್ದಾರೆ, ಅವರಿಗೆ ಕೇಳಲೇಬೇಕು ಅನ್ನುವ ಹಾಗೆ. ಆಮೇಲೆ ತಾಯಿಯ ಕಡೆಯವರು. ಆಮೇಲೆ ಗಂಡಸರ ಜೊತೆ ಅವರವರ ಹೆಂಡತಿಯರು. ಒಂದು ಹೆಸರೂ ತಪ್ಪಿದ್ದಿಲ್ಲ.

ನಾನೂ ಬಿಡ್ತೀನಿ ಅಂತ ಒಮ್ಮೆ ಹಟ ಮಾಡಿದ್ದೆ. ಅಜ್ಜ ನಗಲಿಲ್ಲ, ಬೈಯಲಿಲ್ಲ. "ನೀನು ಹೆಸರು ನೆನಪಿಟ್ಟುಕೋ ಮಗಾ" ಅಂದರು. ದಾರಿಯುದ್ದಕ್ಕೂ ಹೇಳಿಸಿಕೊಂಡು ಬಂದರು. ದೇವಸ್ಥಾನದ ಒಳಗೆ ಹೋಗಿ, ಬಲಗಡೆ ಹರ, ಎಡಗಡೆ ಹರಿ ಆಗಿ ನಿಂತ ಸ್ವಾಮಿಯ ಮುಂದೆ ಇನ್ನೊಮ್ಮೆ ಹೇಳಿಸಿದರು.

ವಿಹಾರದ ಸುತ್ತ ಜನ ಪ್ರದಕ್ಷಿಣೆ ಶುರು ಮಾಡಿದ್ದರು. ಕೈಯಲ್ಲಿ ಊದುಬತ್ತಿ, ಮೇಣದ ಬತ್ತಿ. ನಡೆಯುತ್ತಾ ಉಂಡೆಗಳನ್ನು ಕತ್ತಲಿಗೆ ಎಸೆಯುತ್ತಾರೆ. ಬೆಳಕಾಗುವ ಮೊದಲೇ ಎಸೆಯಬೇಕು. ಪಾಪ ಜಾಸ್ತಿ ಮಾಡಿ ಸತ್ತವರಿಗೆ ಬೆಳಕು ತಡೆಯುವುದಿಲ್ಲವಂತೆ, ಬಾಯಿ ಸೂಜಿ ಕಣ್ಣಿನಷ್ಟು ಸಣ್ಣದಂತೆ. ಹಾಗಾಗಿ ಎಲ್ಲರಿಗಿಂತ ಮೊದಲು ಅವರಿಗೆ. ಪಾಪಿಗಳಿಗೂ ಒಂದು ಪಂಕ್ತಿ ಇದೆಯಲ್ಲ ಅಂತ ನನಗೆ ಬಹಳ ಹಿಡಿಸಿತು.

ಎಸೆಯುತ್ತಿದ್ದವರಲ್ಲಿ ಹೆಂಗಸರೇ ಹೆಚ್ಚು. ಯೇಯ್ ನನ್ನ ಮೊಣಕೈ ತಟ್ಟಿದರು. ಹೂಂ, ಹಾಕು ಅನ್ನುವ ಹಾಗೆ.

ನನ್ನ ಅಪ್ಪನಿಗೆ ನಾನೊಬ್ಬಳೇ. ಅವರ ಪಕ್ಷಕ್ಕೆ ದೊಡ್ಡಪ್ಪನ ಮಗ ದೂರದ ದೇಶದಿಂದ ಒಂದು ಕಡೆ ದುಡ್ಡು ಕಳಿಸುತ್ತಾನೆ, ಪ್ರಸಾದ ಪೋಸ್ಟಿನಲ್ಲಿ ಬರುತ್ತದೆ. ಅಷ್ಟಾದರೂ ಮಾಡುತ್ತಾನಲ್ಲ ಅನ್ನಿ. ನಾನಾಗಿ ಒಂದು ತುತ್ತು ಇಟ್ಟದ್ದಿಲ್ಲ. ಆ ಹೊತ್ತಿನಲ್ಲಿ ಸರಿಯೋ ತಪ್ಪೋ ಅಂತ ಯೋಚನೆ ಬರಲೇ ಇಲ್ಲ. ಅಪ್ಪನ ಹೆಸರು ಹೇಳಿದೆ, ಎಸೆದೆ. ಯೇಯ್ ಇನ್ನೊಂದು ಉಂಡೆ ಕೊಟ್ಟರು. ಅಜ್ಜನ ಹೆಸರು ಹೇಳಿದೆ. ಮೆಲ್ಲಗೇ ಹೇಳಿದ್ದು ಅಂದುಕೊಂಡಿದ್ದೆ. ಹೊಳೆಯ ದಡದಲ್ಲಿ ಕೂಗಿದ ಹಾಗೆ ಕೂಗಿದೆಯಮ್ಮಾ ಅಂತ ಮಗಳು ಆಮೇಲೆ ಹೇಳಿದಳು.

ಬೆಳಕು ಹರಿದ ಮೇಲೆ ಇನ್ನೊಂದು ನೋಡಿದೆ. ಮನೆಯವರು ಸತ್ತವರ ಹೆಸರು ಚೀಟಿಯಲ್ಲಿ ಬರೆದು ಕೊಡುತ್ತಾರೆ. ಭಿಕ್ಷುಗಳು ಅದನ್ನು ಓದಿ ಪುಣ್ಯ ಸತ್ತವರಿಗೆ ಸಲ್ಲಲಿ ಅಂತ ಮಂತ್ರ ಹೇಳುತ್ತಾರೆ. ಯೇಯ್ ಕೊಟ್ಟ ಚೀಟಿ ಉದ್ದವಾಗಿತ್ತು. ಗಂಡ, ಇಬ್ಬರು ಅಣ್ಣಂದಿರು, ಒಬ್ಬಳು ಮಗಳು. 1975ರಿಂದ 1979ರವರೆಗೆ ಖ್ಮೇರ್ ರೂಜ್ ಎಂಬ ಕಮ್ಯುನಿಸ್ಟರ ಆಡಳಿತದ ಕಾಲದಲ್ಲಿ ಹೋದವರು. ಆ ನಾಲ್ಕು ವರ್ಷದಲ್ಲಿ ಹಸಿವು, ಕಾಯಿಲೆ, ಕೊಲೆಗಳಿಂದ ಹದಿನೈದು ಲಕ್ಷಕ್ಕೂ ಹೆಚ್ಚು ಜನ ಸತ್ತರು. ಯಾವ ದಿನ ಸತ್ತರು ಅಂತ ಗೊತ್ತಿಲ್ಲ, ಎಲ್ಲಿ ಅಂತಲೂ ಗೊತ್ತಿಲ್ಲ ಅಂದ ಗೈಡ್ ಹುಡುಗ. ತಿಥಿ ಗೊತ್ತಿಲ್ಲದವರಿಗೆ ನಮ್ಮಲ್ಲಿ ಮಹಾಲಯ ಅಮಾವಾಸ್ಯೆ ಇದೆ, ಅಲ್ವಾ? ಅವನಿಗೆ ಅದನ್ನು ಹೇಳಿದೆ. ಅವನು ಅಜ್ಜಿಗೆ ಹೇಳಿದ. ಅವರು ತಲೆಯಾಡಿಸಿದರು. ಇದು ಅವರಿಗೆ ಹೊಸ ವಿಷಯ ಅನ್ನಿಸಿದ ಹಾಗೆ ಕಾಣಲಿಲ್ಲ.

ಆಮೇಲೆ ಸೈಕಲ್. ಮಳೆಗಾಲದ ಕೊನೆ, ಗದ್ದೆಗಳಲ್ಲಿ ನೀರು ನಿಂತಿತ್ತು. ಕಂಬದ ಮೇಲೆ ಎತ್ತರಿಸಿದ ಮನೆಗಳು, ಕೆಳಗೆ ಹಸು, ಅಂಗಳದಲ್ಲಿ ಮಳೆನೀರಿನ ದೊಡ್ಡ ಹಂಡೆ. ಬಾಳೆ ಎಲೆಯಲ್ಲಿ ಸುತ್ತಿದ ಕಡುಬಿನಂಥ ಅನ್ಸಾಮ್ ಮನೆ ಮನೆಯಲ್ಲೂ ಬೇಯುತ್ತಿತ್ತು. ಮಕ್ಕಳು ಓಡಿಬಂದು ಹಲೋ ಅನ್ನುತ್ತಿದ್ದವು. ಮೊಣಕಾಲು ನೋವಿನ ಬಗ್ಗೆ ಬರೆಯುವುದಿಲ್ಲ.

ಪ್ರೇಹ್ ಕೋ ದೇವಸ್ಥಾನದ ಮುಂದೆ ಮೂರು ನಂದಿ ಮಲಗಿವೆ. ಮುಖ, ಕೊಂಬು ಒಡೆದಿವೆ, ಬೆನ್ನು ಸವೆದಿದೆ. ಎದುರಿಗೆ ಇಟ್ಟಿಗೆಯ ಆರು ಗುಡಿ. ಮುಂದೆ ಮೂರು, ಹಿಂದೆ ಮೂರು. ಇಂದ್ರವರ್ಮ ಎಂಬ ರಾಜ ಇದನ್ನು ಪ್ರತಿಷ್ಠೆ ಮಾಡಿದ್ದು 879ರಲ್ಲಿ. ನಮ್ಮಲ್ಲಿ ಅಮೋಘವರ್ಷ ನೃಪತುಂಗನ ಕಾಲ ಆಗಷ್ಟೇ ಮುಗಿದಿತ್ತು. ಶಾಸನ ಸಂಸ್ಕೃತದಲ್ಲಿದೆ, ಲೆಕ್ಕ ಶಕವರ್ಷದಲ್ಲಿ.

ಇದು ಶಿವನ ದೇವಸ್ಥಾನ ಅಂತ ಎಲ್ಲರೂ ಹೇಳುತ್ತಾರೆ. ಸರಿಯೇ. ಆದರೆ ಯಾರ ಹೆಸರಿನ ಶಿವ ಅಂತ ಕೇಳಿ. ಮುಂದಿನ ಸಾಲಿನಲ್ಲಿ ಒಂದು ಗುಡಿ ಅವನ ಅಪ್ಪ ಪೃಥಿವೀಂದ್ರವರ್ಮನಿಗೆ. ಒಂದು ತಾಯಿಯ ಅಪ್ಪ ರುದ್ರವರ್ಮನಿಗೆ. ನಡುವಿನದು ಆಂಗ್ಕೋರ್ ರಾಜ್ಯದ ಮೊದಲ ರಾಜ ಅನ್ನಿಸಿಕೊಂಡ ಎರಡನೇ ಜಯವರ್ಮನಿಗೆ. ಹಿಂದಿನ ಸಾಲು ಆ ಮೂವರ ಹೆಂಡತಿಯರಿಗೆ. ಅಪ್ಪ ಅಲ್ಲಿ ಪೃಥಿವೀಂದ್ರೇಶ್ವರ, ತಾಯಿಯ ಅಪ್ಪ ರುದ್ರೇಶ್ವರ, ಜಯವರ್ಮ ಪರಮೇಶ್ವರ. ಸತ್ತ ಹಿರಿಯರು ಈಶ್ವರರೂಪ. ಅಜ್ಜ ಹೊಳೆಯಲ್ಲಿ ನಿಂತು ಹೇಳುತ್ತಿದ್ದುದೂ ಇದನ್ನೇ ತಾನೆ? ತಂದೆಯ ಕಡೆ, ತಾಯಿಯ ಕಡೆ, ಹೆಂಡತಿಯರ ಸಮೇತ. ನನಗೆ ಅಲ್ಲಿ ಕಂಡದ್ದು ಇಟ್ಟಿಗೆಯಲ್ಲಿ ಕಟ್ಟಿದ ತರ್ಪಣ.

ಹಿಂದಿನ ಸಾಲಿಗೆ ಹೆಚ್ಚಿನವರು ಹೋಗುವುದಿಲ್ಲ. ನೆರಳು ಮುಂದೆ ಇರುತ್ತದೆ, ಫೋಟೋ ಅಲ್ಲೇ ಚೆನ್ನಾಗಿ ಬರುತ್ತದೆ. ನಾನು ಹೋದೆ. ಹೆಂಗಸರ ಗುಡಿಗಳು ಸ್ವಲ್ಪ ಚಿಕ್ಕವು. ಗಂಡಸರ ಗುಡಿಗೆ ದ್ವಾರಪಾಲಕರಿದ್ದರೆ ಇಲ್ಲಿ ಬಾಗಿಲ ಪಕ್ಕದ ಗೂಡುಗಳಲ್ಲಿ ಹೆಣ್ಣುಮೂರ್ತಿಗಳು. ಗೋಡೆಗೆ ಹಚ್ಚಿದ ಸುಣ್ಣದ ಗಾರೆ ಅಲ್ಲಲ್ಲಿ ಉಳಿದಿದೆ, ಅದರಲ್ಲಿ ಬಳ್ಳಿಯ ಕೆತ್ತನೆ. ಒಂದು ಕಡೆ ಮುಟ್ಟಲು ಹೋದೆ, ಗೈಡ್ ಹುಡುಗ "ಬೇಡ ಅಮ್ಮಾ" ಅಂದ. ಒಳಗೆ ಯಾರೂ ಇಲ್ಲ. ಬಾಗಿಲಲ್ಲಿ ನಿಂತು ಕೈ ಮುಗಿದು, ರಾಜನ ತಾಯಿಗೆ ಒಂದು ನಮಸ್ಕಾರ ಹಾಕಿದೆ.

ಇಲ್ಲಿ ಒಂದು ಮಾತು ಹೇಳಲೇಬೇಕು, ಬೇಜಾರಾದರೂ ಪರವಾಗಿಲ್ಲ. ನಮ್ಮಲ್ಲಿ ಈಗ ಪಕ್ಷ ಮಾಡುವವರೇ ಕಡಿಮೆ. ಮಾಡುವವರೂ ಹೇಗೆ? ಪುರೋಹಿತರು "ಮುತ್ತಜ್ಜನ ಹೆಸರು?" ಅಂದರೆ ಹುಡುಗರು ಫೋನ್ ತೆಗೆದು ಫ್ಯಾಮಿಲಿ ಗ್ರೂಪಿನಲ್ಲಿ ಕೇಳುತ್ತಾರೆ. ಉತ್ತರ ಬರುವವರೆಗೆ ಮಂತ್ರ ನಿಂತಿರುತ್ತದೆ. ವಡೆ ಎಷ್ಟು, ಪಾಯಸ ಯಾವುದು ಅನ್ನುವುದಕ್ಕೆ ಇರುವ ಗಮನ ಹೆಸರಿಗೆ ಇಲ್ಲ. ಸೈಟಿನ ಪತ್ರದಲ್ಲಿ ಅಜ್ಜನ ಹೆಸರು ಒಂದಕ್ಷರ ತಪ್ಪಿದರೆ ಕೋರ್ಟಿಗೆ ಹೋಗುತ್ತೇವೆ. ಯೇಯ್ ಹತ್ತಿರ ಜಮೀನಿನ ಪತ್ರ ಇಲ್ಲ, ಫೋಟೋ ಇಲ್ಲ, ಸತ್ತ ದಿನವೂ ಇಲ್ಲ. ಹೆಸರು ಮಾತ್ರ ಇದೆ. ಅದನ್ನು ವರ್ಷಕ್ಕೊಮ್ಮೆ ಬರೆಸಿ ಓದಿಸುತ್ತಾರೆ.

ಬಾಕೋಂಗ್ ಬಗ್ಗೆ ಚಿಕ್ಕದಾಗಿ ಹೇಳುತ್ತೇನೆ. ಅದೇ ಇಂದ್ರವರ್ಮ 881ರಲ್ಲಿ ಪ್ರತಿಷ್ಠೆ ಮಾಡಿದ ಇಂದ್ರೇಶ್ವರ ಲಿಂಗದ ದೇವಸ್ಥಾನ. ಕಲ್ಲಿನ ಐದು ಅಂತಸ್ತು, ಮೇರುಪರ್ವತದ ಲೆಕ್ಕ. ಮೂಲೆಗಳಲ್ಲಿ ಕಲ್ಲಾನೆಗಳು, ಮೇಲೆ ಹೋದ ಹಾಗೆ ಚಿಕ್ಕದಾಗುತ್ತವೆ. ಹತ್ತಿ ಇಳಿದೆ. ಪಕ್ಕದ ವಿಹಾರದಲ್ಲಿ ಮೈಕಿನಲ್ಲಿ ಮಂತ್ರ ನಡೆದಿತ್ತು.

ಕೊನೆಗೆ ಲೋಲೈ. ಇಂದ್ರವರ್ಮ ಪಟ್ಟಕ್ಕೆ ಬಂದ ಐದೇ ದಿನದಲ್ಲಿ ಕೆರೆ ತೋಡಿಸಲು ಶುರು ಮಾಡುತ್ತೇನೆ ಅಂತ ಮಾತು ಕೊಟ್ಟಿದ್ದನಂತೆ. ಅದೇ ಇಂದ್ರತಟಾಕ, ಹತ್ತಿರ ಹತ್ತಿರ ನಾಲ್ಕು ಕಿಲೋಮೀಟರ್ ಉದ್ದ. ಮಗ ಯಶೋವರ್ಮ ಆ ಕೆರೆಯ ನಡುವಿನ ದ್ವೀಪದಲ್ಲಿ 893ರಲ್ಲಿ ನಾಲ್ಕು ಗುಡಿ ಕಟ್ಟಿಸಿದ. ಅಪ್ಪ, ಅಮ್ಮ, ತಾಯಿಯ ತಂದೆ, ತಾಯಿಯ ತಾಯಿಗೆ. ಅಪ್ಪ ಮಾಡಿದ್ದನ್ನು ನೋಡಿ ಕಲಿತ ಮಗ. ಈಗ ಕೆರೆ ಒಣಗಿ ಗದ್ದೆಯಾಗಿದೆ. ಗುಡಿಗಳ ನಡುವೆ ಕಲ್ಲಿನ ಕಾಲುವೆ ಇದೆ, ಕೂಡಿಸುವ ಗುರುತಿನ ಆಕಾರದ್ದು. ಮಧ್ಯದಲ್ಲಿ ನೀರು ಹೊಯ್ದರೆ ನಾಲ್ಕು ದಿಕ್ಕಿಗೂ ಹರಿಯುತ್ತದೆ. ಬಾಟಲಿಯಲ್ಲಿ ಉಳಿದಿದ್ದ ನೀರು ಹಾಕಿ ನೋಡೋಣ ಅನ್ನಿಸಿತು. ಸುಮ್ನೆ ಇದ್ದೆ.

ಅಲ್ಲಿ ಕೂತಾಗ ಮಗಳು ಫೋನ್ ತೆಗೆದು "ಹೇಳಮ್ಮ, ಬರ್ಕೋತೀನಿ" ಅಂದಳು. ಅಪ್ಪನ ಕಡೆ ಮೂರು ತಲೆಮಾರು ಹೇಳಿದೆ. ಅವರ ಹೆಂಡತಿಯರಲ್ಲಿ ಇಬ್ಬರದು ಹೇಳಿದೆ. ಮುತ್ತಜ್ಜಿ ಹೆಸರಿಗೆ ಬಂದಾಗ ನಾಲಿಗೆ ತುದಿಯಲ್ಲಿದ್ದದ್ದು ಬರಲೇ ಇಲ್ಲ.

ಸಂಜೆ ದಾವಣಗೆರೆಯ ಸೋದರತ್ತೆಗೆ ಫೋನ್ ಮಾಡಿದೆ. ತೊಂಬತ್ತರ ಹತ್ತಿರ ಅವರಿಗೆ. ಕಿವಿ ಮಂದ. ಮೂರು ಸಲ ಕೂಗಿದ ಮೇಲೆ ಹೆಸರು ಹೇಳಿದರು, ತಡವರಿಸದೆ. ಜೊತೆಗೆ ಮುತ್ತಜ್ಜಿಗೆ ಹೆಸರುಬೇಳೆ ಪಾಯಸ ಅಂದರೆ ಪ್ರಾಣ ಅಂತ ಸೇರಿಸಿದರು. ಬೆಳಗಿನ ಕಥೆ ಹೇಳಿದೆ. ನೀನು ಹೆಂಗಸು, ನೀನು ಹೇಗೆ ಹಾಕಿದೆ ಅನ್ನುತ್ತಾರೇನೋ ಅಂದುಕೊಂಡಿದ್ದೆ. ಅವರು ಕೇಳಿದ್ದೇ ಬೇರೆ.

"ಕಾಗೆ ಮುಟ್ಟಿತೇನೇ?"

"ಕಾಗೆ ಕಾಣಲಿಲ್ಲ ಅತ್ತೆ. ಬೆಳಗಾದ ಮೇಲೆ ಕೋಳಿ ತಿಂದವು."

"ಏನೋ ಒಂದು ಮುಟ್ಟಿತಲ್ಲ, ಬಿಡು. ಈಗ ಆ ಹೆಸರು ಇನ್ನೊಂದು ಸಲ ಹೇಳು, ಸರಿಯಾಗಿ ಬರೆದ್ಯೋ ಇಲ್ವೋ ನೋಡ್ತೀನಿ."